ಪತ್ನಿಯ ಸಹಕಾರದೊಂದಿಗೆ

17 ನವೆಂಬರ್, ಸೋಮವಾರ. ಗಂಗಾವತಿ.

ಎರಡೇ ಎರಡು ಅಂಕ. ಅದಕ್ಕೇ ಊಟ ಸೇರಲಿಲ್ಲ.

ಕಾರ್ಖಾನೆಗೆ ದುಡಿಯುವವರೇ ಒಡೆಯರಾಗಬೇಕು ಎಂಬ ವಿಚಾರವನ್ನು ಉದಾರವಾದದೊಳಗೆ ತಂದವರು ಯಾರು? ಕಿರುಪರೀಕ್ಷೆಯಲ್ಲಿ ಎಲ್ಲರೂ ಪಠ್ಯದಲ್ಲಿರುವ ಆ ಇಂಗ್ಲಿಷ್ ಚಿಂತಕ ಮಹಾಶಯನ ಹೆಸರು ಬರೆದರು. ಶ್ರೀರಾಮನಗರದ ಫಕೀರಮ್ಮ ಒಬ್ಬಳೇ ಅವನ ಹೆಂಡತಿಯ ಹೆಸರು ಬರೆದಳು. ತನ್ನ ಪುಸ್ತಕದಲ್ಲಿ ಈ ವಿಚಾರವಿರುವ ಅಧ್ಯಾಯ ಆಕೆಯಿಂದಲೇ ಬಂದದ್ದೆಂದು ಗಂಡನೇ ಒಪ್ಪಿಕೊಂಡಿದ್ದಾನೆ, ನಾನೇ ಪಾಠದಲ್ಲಿ ಹೇಳಿದ್ದೆ. ನಮ್ಮ ನೋಟ್ಸಿನಲ್ಲಿ ಮಾತ್ರ ಆಕೆಗೆ ಸಿಕ್ಕಿದ್ದು 'ಪತ್ನಿಯ ಸಹಕಾರದೊಂದಿಗೆ'. ಕಾರ್ಮಿಕರ ಸಹಕಾರ ಸಂಘದ ಬಗ್ಗೆ ಯೋಚಿಸಿದವಳನ್ನು ಅದೇ ಪದದಲ್ಲಿ ಹೂತುಬಿಟ್ಟರಲ್ಲ!

ಪಾಠದ ದಿನ ಫಕೀರಮ್ಮ ಎದ್ದು ನಿಂತಿದ್ದಳು. "ಮೇಡಂ, ನಮ್ಮವ್ವಾರು ನಾಟಿ ಹಚ್ಚೂದೂ ಹಂಗರೀ. ಮ್ಯಾಲ ಯಾರೂ ಇಲ್ಲ, ಎಲ್ಲಾರೂ ಕೂಡಿ ಗುತ್ತಿಗಿ ಹಿಡೀತಾರ." ವರ್ಷಕ್ಕೊಮ್ಮೆಯಾದರೂ ಪಾಠ ಯಾರದೋ ಗದ್ದೆಯವರೆಗೆ ಹೋಯಿತು ಎಂದು ಹಿಗ್ಗಿದ್ದೆ.

ಇಂದು ವಿಭಾಗದ ಮುಖ್ಯಸ್ಥ ಪ್ರಭುರಾಜ ಸರ್ ಆ ಉತ್ತರಪತ್ರಿಕೆ ನನ್ನ ಮುಂದಿಟ್ಟರು. "ಮಾದರಿ ಉತ್ತರದಾಗ ಗಂಡನ ಹೆಸರೈತಿ. ಈ ಎರಡು ಅಂಕ ತಗೀರಿ."

"ಆಕಿ ಬರದದ್ದು ತಪ್ಪೇನ್ರಿ ಸರ್?"

"ತಪ್ಪಂತ ಯಾರಂದ್ರು? ಮುಂದಿನ ವರ್ಷ ನಿಮ್ಮಂಥ ಅತಿಥಿ ಉಪನ್ಯಾಸಕರ ಪಟ್ಟಿ ಮತ್ತ ಆಗೂದೈತಿ. ಸ್ವಲ್ಪ ಸಹಕಾರ ಮಾಡ್ರಿ, ಶಿವಲೀಲಾ ಮೇಡಂ."

ಕೆಂಪು ಪೆನ್ನಿನಿಂದ ಆ ಹೆಂಗಸಿನ ಹೆಸರಿಗೆ ಅಡ್ಡಗೆರೆ ಎಳೆದೆ. ಗೆರೆ ನೆಟ್ಟಗೇ ಬಂತು.

ನಾಳೆ ಫಕೀರಮ್ಮ ಪತ್ರಿಕೆ ಹಿಡಿದು ಬರುತ್ತಾಳೆ. ಈ ಗೆರೆ ಯಾರು ಹೊಡೆದರು ಎಂದು ಕೇಳಿದರೆ, ಸರ್ ಎನ್ನಲೇ?

ಸರ್. ನನ್ನ ಸಹಕಾರದೊಂದಿಗೆ.