ಸತ್ತವರಿಗೆ ಮಾತ್ರ ಫಲಕ

ಮೋಂಟ್ರಾವೆಲ್, ಓವೆರ್ನ್
14 ಜೂನ್ 1987, ಭಾನುವಾರ

ನನ್ನ ಮುದ್ದು ಮಗಳೇ ಮಿರೆಯ್,

ನಿನ್ನ ಬೆನ್ನುನೋವು ಹೇಗಿದೆ? ಬಿಸಿ ಶಾಖ ಕೊಟ್ಟುಕೋ ಎಂದರೆ ಕೇಳುವವಳಲ್ಲ ನೀನು, ಅಳಿಯನಿಗಾದರೂ ಹೇಳು. ನನ್ನ ಮೊಣಕಾಲು ಮಳೆ ಬರುವ ಮುಂಚೆ ಸುದ್ದಿ ಕೊಡುತ್ತದೆ, ಅದು ಬಿಟ್ಟರೆ ಗಟ್ಟಿಮುಟ್ಟಾಗಿದ್ದೇನೆ. ಶಾಲೆಯ ಅಡುಗೆ ಬಿಟ್ಟು ಸಮುದ್ರದಾಚೆ ನೂಮೆಯಾಗೆ ಬಂದು ನಮ್ಮ ಜೊತೆಯಲ್ಲೇ ಇದ್ದುಬಿಡು ಎಂದು ನೀನು ಬರೆದಿದ್ದನ್ನು ಮರೆತಿಲ್ಲ. ಮೊದಲು ಶುಕ್ರವಾರದ ಸುದ್ದಿ ಕೇಳು, ಹೊಟ್ಟೆ ಹಿಡಿದುಕೊಂಡು ಕೇಳು.

ನಮ್ಮ ಶಾಲೆಗೆ ಹೊಸ ಕಟ್ಟಡ ಬಂತಲ್ಲ, ಅದಕ್ಕೆ ಮಹನೀಯರೊಬ್ಬರ ಹೆಸರಿಡಬೇಕು, ಮಕ್ಕಳೇ ಓಟು ಹಾಕಲಿ ಎಂದರು ಮೇಯರ್ ಬೊನ್ನಫೂ. ತಮಗೆ ಬೇಕಾದವರ ವೇಷ ಹಾಕಿಕೊಂಡು ಬಂದು ಅವರ ಪರ ಮಾತಾಡಬೇಕು ಎಂಬುದು ಟೀಚರಮ್ಮನ ಷರತ್ತು. ನೆಪೋಲಿಯನ್ನನ ಟೋಪಿ ಕಿವಿ ಮುಚ್ಚಿತ್ತು. ಜೋನ್ ಆಫ್ ಆರ್ಕ್ ನನ್ನ ಜರಡಿಯನ್ನೇ ತಲೆಗೆ ಕವುಚಿಕೊಂಡಿದ್ದಳು. ಮೇರಿ ಕ್ಯೂರಿ ಪುದೀನ ಶರಬತ್ತಿನ ಬಾಟಲಿಯನ್ನು ರೇಡಿಯಂ ಎಂದು ತೋರಿಸಿ, ಭಾಷಣ ಮುಗಿಯುವ ಮೊದಲೇ ಅರ್ಧ ಕುಡಿದಿದ್ದಳು. ಕೊನೆಗೆ ಬಂದಳು ನೋಡು, ಕುರಿ ಸಾಕುವವರ ಮನೆಯ ಒರಿಯಾನ್. ಸೊಂಟಕ್ಕೆ ಏಪ್ರನ್, ಕೈಯಲ್ಲಿ ಸೌಟು, ಗದ್ದದ ಮೇಲೆ ಪೆನ್ಸಿಲಿನಲ್ಲಿ ಬರೆದ ಎರಡು ಕೂದಲು! ಸಾಕ್ಷಾತ್ ನಾನೇ ಕಣೇ! "ಕ್ಯೂರಿ ದೊಡ್ಡೋರೇ ಇರ್ಬೋದು. ಆದ್ರೆ ಯಾವತ್ತಾದ್ರೂ ನಮ್ಗೆ ಎರಡ್ನೇ ಸಲ ಬಡಿಸಿದ್ರಾ? ಒಡಿಲಜ್ಜಿ ಕೇಳೋಕ್ ಮುಂಚೆ ಬಡಿಸ್ತಾರೆ" ಎಂದಳು. ಮುಗಿಯಿತು. ಕ್ಯೂರಿಯ ಓಟು ಕೂಡ ನನಗೇ ಬಿತ್ತು.

ಸುಳ್ಳು ಯಾಕೆ ಹೇಳಲಿ, ಹಿಗ್ಗಿ ಹೀರೇಕಾಯಿಯಾದೆ. ಬೊನ್ನಫೂ ಮಾತ್ರ ತಲೆ ಕೆರೆದುಕೊಂಡು, "ಮಕ್ಳೇ, ಬದುಕಿರೋರ ಹೆಸ್ರಿಡೋ ಪದ್ಧತಿ ನಮ್ಮಲ್ಲಿಲ್ಲ, ಸತ್ತೋರಿಗೇ ಈ ಮರ್ಯಾದೆ" ಎಂದರು. ಮಕ್ಕಳ ಮುಖ ಬಾಡಿತು. ಆಗ ನೆಪೋಲಿಯನ್ ಎದ್ದು ನಿಂತು, ಟೋಪಿ ತೆಗೆದು, ಬಹಳ ವಿನಯದಿಂದ, "ಅಜ್ಜೀ, ನೀವು ಯಾವಾಗ ಸಾಯ್ತೀರಾ?" ಎಂದು ಕೇಳಿದ. "ಇವತ್ತಂತೂ ಆಗಲ್ಲಪ್ಪ, ಒಲೆ ಮೇಲೆ ಬೇಳೆ ಇಟ್ಟಿದೀನಿ" ಎಂದೆ. ಬೊನ್ನಫೂ ನಕ್ಕೂ ನಕ್ಕೂ ಕನ್ನಡಕ ಒರೆಸಿಕೊಂಡರು. ಎರಡನೆಯ ಸ್ಥಾನದಲ್ಲಿದ್ದ ಮೇರಿ ಕ್ಯೂರಿಯ ಹೆಸರು ಗೋಡೆಗೇರಿತು, ನಾನು ಬೇಳೆ ಇಳಿಸಲು ಓಡಿದೆ.

ಅಳಿಯನಿಗೆ ನನ್ನ ನೆನಪು ತಿಳಿಸು. ನಿಮ್ಮಿಬ್ಬರ ಹಣೆಗೂ ಒಂದೊಂದು ಮುತ್ತು. ದೇವರು ನಿಮ್ಮನ್ನು ತಣ್ಣಗಿಟ್ಟಿರಲಿ.

ನಿನ್ನ ಅಮ್ಮ,
ಒಡಿಲ್

ತಾ.ಕ.: ಸೋಮವಾರ ಬೆಳಿಗ್ಗೆ. ಟಪಾಲಿನವನು ಬಾಗಿಲಲ್ಲೇ ನಿಂತಿದ್ದಾನೆ, ಬೇಗ ಬರೆದುಬಿಡುತ್ತೇನೆ. ನಾನು ಬರುವುದಿಲ್ಲ ಮಗಳೇ. ನಿನ್ನನ್ನು ನೋಡಬೇಕೆಂದು ದಿನಾ ಕರುಳು ಕಿತ್ತು ಬರುತ್ತದೆ, ಆದ್ದರಿಂದ ರಜೆಗೆ ನೀವೇ ಬನ್ನಿ. ಗೋಡೆ ಮೇಲಿರುವ ಆ ಪುಣ್ಯವಂತರನ್ನು ಊಟಕ್ಕೆ ಮುಂಚೆ ಯಾರೂ ಕೂಗುವುದಿಲ್ಲ. ನನ್ನನ್ನು ದಿನಾ ಕೂಗುತ್ತಾರೆ.