ಕೋಸಿನ ನೀರಿನ ಜೊತೆ ಹೋದ ದೋಣಿ

ನವೆಂಬರ್ 19, ಬೆಳಿಗ್ಗೆ

ಯಾರೇ ಓದುತ್ತಿರಲಿ, ಮುಚ್ಚು. ಮುಚ್ಚು ಅಂದೆ! ಮುದುಕಿಯ ದಿನಚರಿ ಪುಸ್ತಕಕ್ಕೆ ಮೂಗು ತೂರಿಸಲು ನಾಚಿಕೆಯಿಲ್ಲವೆ? ಚಿಗುಸಾ, ನೀನೇ ಇರಬೇಕು. ಮೊಮ್ಮಗಳೆಂಬ ಸಲಿಗೆ.

ಉಪ್ಪಿನಕಾಯಿಗೆಂದು ಕೋಸಿಗೆ ಉಪ್ಪು ಹಾಕಿ ಪೀಪಾಯಿಗೆ ತುಂಬಿದೆ. ನೀರು ಬಿಟ್ಟು ಕುಗ್ಗಲೆಂದು ಮೇಲೆ ಕಲ್ಲು. ಆಮೇಲೆ ನನ್ನ ಗಂಡ ಕಿಸಾಬುರೊನ ಗೇಮ್ ಯಂತ್ರ ಹಿಡಿದು ಕೂತೆ. ಅವನು ಹೋಗಿ ಮೂರು ಚಳಿಗಾಲ. ಅವನ ದೋಣಿ ಮಾತ್ರ ಆ ಅಂಗೈಯಗಲದ ತೆರೆಯ ಬಂದರಿನಲ್ಲಿ ಕಟ್ಟಿಯೇ ಇದೆ. ದಿನಾ ಅದರಲ್ಲಿ ಹೋಗಿ ಒಂದು ಮೀನು ಹಿಡಿಯುತ್ತೇನೆ. ಇವತ್ತು — ಮೆಮೊರಿ ಕಾರ್ಡ್ ಭರ್ತಿ. ಮೀನು ಉಳಿಸಲು ಜಾಗವಿಲ್ಲವಂತೆ.

ನವೆಂಬರ್ 20

ಒಸಾಕಾದಲ್ಲಿರುವ ಚಿಗುಸಾಳಿಗೆ ಫೋನ್ ಮಾಡಿದೆ.

"ಏನೂ ಅಳಿಸ್ಬೇಡ ಅಜ್ಜಿ. ಗೇಮ್‌ಗಳನ್ನ ಕಂಪ್ರೆಸ್ ಮಾಡು. ತಾತನ ಲ್ಯಾಪ್‌ಟಾಪಲ್ಲೇ ಆಗುತ್ತೆ."

"ಹಿಂಡಿದ್ರೆ ಒಳಗಿರೋದು ಹೋಗಲ್ವೇನೇ?"

"ಸುಮ್ನೆ ತುಂಬಿರೋದಷ್ಟೇ ಹೋಗೋದು. ಕೋಸಿನ ಮೇಲೆ ಕಲ್ಲಿಡ್ತೀಯಲ್ಲ, ಹಾಗೇ ಅಂದ್ಕೋ."

ಹಾಗೆ ಹೇಳಬೇಕು. ಗೊತ್ತಿರುವ ಕೆಲಸ.

ನವೆಂಬರ್ 22, ಮಧ್ಯಾಹ್ನ

ಆರು ಗೇಮ್ ಹಿಂಡಿದೆ. ಅರ್ಧಕ್ಕರ್ಧ ಇಳಿದವು. ಕಾರ್ಡಿನಲ್ಲಿ ಪಕ್ಕಕ್ಕೆ ಒಂದು ಪುಟ್ಟ ಫೋಲ್ಡರ್ ಉಳಿದಿತ್ತು. ಪೀಪಾಯಿಯಲ್ಲಿ ಮೇಲೆ ಬಂದ ನೀರು ಚೆಲ್ಲುತ್ತೇವಲ್ಲ... ಇದೂ ಅದೇ ಅಂದುಕೊಂಡೆ. ಅಳಿಸಿದೆ.

ಗೇಮ್ ತೆರೆದರೆ — ಬಂದರು ಇದೆ. ದೋಣಿ ಇಲ್ಲ. ನಿಮ್ಮ ಹೆಸರೇನು ಎಂದು ಕೇಳುತ್ತದೆ, ದರಿದ್ರದ್ದು.

ನವೆಂಬರ್ 23

ಚಿಗುಸಾಳಿಗೆ ಬಾಯಿಗೆ ಬಂದಂತೆ ಬೈದೆ. "ಕೋಸು ಅಂದವಳು ನೀನೇ!"

"ಅದು ನೀರಲ್ಲ ಅಜ್ಜಿ. ತಾತ ಆಡಿದ್ದೆಲ್ಲ ಅದ್ರಲ್ಲೇ ಇತ್ತು..."

ಅತ್ತಳು. ಫೋನ್ ಕುಕ್ಕಿದೆ. ಕಾರ್ಡಿನಲ್ಲಿ ಈಗ ಬೇಕಾದಷ್ಟು ಜಾಗ.

ಡಿಸೆಂಬರ್ 14

ಅಂಚೆಯಲ್ಲಿ ಚಿಗುಸಾಳಿಂದ ಒಂದು ಮೆಮೊರಿ ಕಾರ್ಡ್. ಜೊತೆಗೆ ಚೀಟಿ: "ನಾನು ಒಂಬತ್ತನೇ ಕ್ಲಾಸಲ್ಲಿದ್ದಾಗ ತಾತ ತಮ್ಮ ಆಟದಿಂದ ಮಾಡಿ ಕೊಟ್ಟ ಕಾಪಿ. ತುಂಬಾ ಹಳೇದು. ಬೈಬೇಡ."

ಲ್ಯಾಪ್‌ಟಾಪಿನಿಂದ ದಾಟಿಸಿದೆ. ದೋಣಿ ಇದೆ! ಹಳೆಯದು, ಚಿಕ್ಕದು. ಮೂತಿಯ ಮೇಲೆ ಹೆಸರು — ಫುಕಿ.

ನನ್ನ ಹೆಸರು. ಐವತ್ತು ವರ್ಷ "ಓಯ್" ಎಂದೇ ಕೂಗಿದ ಮನುಷ್ಯ. ನಾನು ದಿನಾ ಹೋಗುತ್ತಿದ್ದ ದೋಣಿಯ ಮೇಲೆ ಈ ಹೆಸರಿರಲಿಲ್ಲ. ನಾನು ಪಕ್ಕದಲ್ಲಿ ಕೂತು ಆಟ ಕಲಿಯತೊಡಗಿದ ಮೇಲೆ ಅಳಿಸಿರಬೇಕು, ನಾಚಿಕೆಬುರುಕ.

ಡಿಸೆಂಬರ್ 15

ಕೋಸು ಹದಕ್ಕೆ ಬಂದಿದೆ. ಡಬ್ಬಿಗೆ ತುಂಬಿ ಒಸಾಕಾಕ್ಕೆ ಕಳಿಸುತ್ತಿದ್ದೇನೆ. ಡಬ್ಬಿಯ ಕೆಳಗೆ ಈ ಪುಸ್ತಕ. ಮೊದಲು ಮುಚ್ಚು ಅಂದಿದ್ದೆ. ಓದು.

ಚಿಗುಸಾ, ಅವತ್ತು ಬೈದದ್ದಕ್ಕೆ ನಾನು...

ಉಪ್ಪು ಹೆಚ್ಚಾಗಿದೆಯೋ ಏನೋ. ಜನವರಿ ಹುಟ್ಟುವುದಕ್ಕೆ ಮುಂಚೆ ಉತ್ತರ ಬರೆ.