ಕನ್ನಡಿಯಲ್ಲಿ ಕಂಡ ಕೋಲಾರಮ್ಮ

ಕೋಲಾರ, ಭಾನುವಾರ

ಅಕ್ಕ,

ನಿನಗೂ ಭಾವನಿಗೂ ನಮಸ್ಕಾರ. ಮಗನಿಗೆ ವರ್ಗವಾದ ಈ ಹೊಸ ಊರಲ್ಲಿ ನಾನು ಮನೆಯಲ್ಲೇ ಕೂತು ಕೊರಗುತ್ತೇನೆಂದು ಸೊಸೆ ವಾಣಿಶ್ರೀ ಇವತ್ತು ಹಳೆಯ ಕೋಲಾರ ತೋರಿಸುವ ನಡಿಗೆಗೆ ಕರೆದುಕೊಂಡು ಹೋದಳು. ತೋರಿಸಿದವರು ಕೋದಂಡರಾಮಪ್ಪ ಎಂಬ ನಿವೃತ್ತ ಮೇಷ್ಟ್ರು. ಅವರದು ಅರ್ಧ ಕನ್ನಡ, ಅರ್ಧ ತೆಲುಗು. ಸೋಮೇಶ್ವರ ಗುಡಿಯ ಕಂಬಗಳ ಕೆತ್ತನೆಯನ್ನು ಸುತ್ತಿ ಸುತ್ತಿ ನೋಡಿದೆ. ಆಮೇಲೆ ಚೋಳರ ಕಾಲದ ಕೋಲಾರಮ್ಮನ ಗುಡಿಗೆ ಹೋದೆವು.

ಅಮ್ಮನ ದೃಷ್ಟಿ ಬಹಳ ಉಗ್ರವಂತೆ. ಅವಳನ್ನು ನೇರವಾಗಿ ನೋಡದೆ ಎದುರಿನ ಕನ್ನಡಿಯಲ್ಲಿ ನೋಡಬೇಕು. ಕೀಮೊ ಕೊಟ್ಟು ಕೂದಲೆಲ್ಲ ಉದುರಿದ ಮೇಲೆ ನಾನು ಕನ್ನಡಿಯ ಮುಂದೆ ನಿಂತಿಲ್ಲವೆಂದು ನಿನಗೆ ಗೊತ್ತು. ಮೆಲ್ಲಗೆ ಹಿಂದೆ ಸರಿದೆ.

“ಯಾಕಮ್ಮಾ ಹಿಂದಕ್ಕೆ ಹೋಗ್ತೀಯ? ರಾ ತಲ್ಲಿ, ಬಾ ತಾಯಿ, ಬಗ್ಗಿ ನೋಡು, ಅಮ್ಮ ಕಾಣಿಸ್ತಾಳೆ,” ಎಂದರು ಮೇಷ್ಟ್ರು.

ಬಗ್ಗಿದೆ. ದೀಪದ ಬೆಳಕಿನಲ್ಲಿ ಮೊದಲು ಅಮ್ಮನ ಕಣ್ಣುಗಳು ಕಂಡವು, ಅವುಗಳ ಪಕ್ಕದಲ್ಲೇ ನನ್ನ ಮುಖ. ಎಷ್ಟು ತಲೆಮಾರಿನ ಜನ ಈ ಗುಡಿಗೆ ಬಂದು ಅವಳ ಮುಂದೆ ನಿಂತಿದ್ದರೋ, ಇವತ್ತು ಅವರ ಸಾಲಿನಲ್ಲಿ ನಾನೂ ಇದ್ದೆ. ಹಿಂದೆ ನಿಂತವರು ಕೆಮ್ಮುವವರೆಗೂ ಕಣ್ಣು ಕೀಳಲಿಲ್ಲ.

ನನ್ನ ಆರೋಗ್ಯದ ಚಿಂತೆ ಬೇಡ, ಊಟ ಸೇರುತ್ತಿದೆ, ಕಾಲಿನ ಊತ ಇಳಿದಿದೆ. ಗುಡಿಯಿಂದ ಹೊರಗೆ ಬಂದು ಎಲ್ಲರೂ ಫೋಟೊ ತೆಗೆಸಿಕೊಂಡೆವು. ನಾನು ತಲೆಯ ಬಟ್ಟೆ ಬಿಚ್ಚಿ ನಿಂತೆ. ಈ ಕಾರ್ಡ್ ತಲುಪುವಷ್ಟರಲ್ಲಿ ಅದು ಭಾವನ ಫೋನಿಗೆ ಬಂದಿರುತ್ತದೆ. ನೋಡಿ ಅತ್ತಿದ್ದರೆ ಇನ್ನೊಮ್ಮೆ ನೋಡು ಅಕ್ಕ, ನಾನು ನಗುತ್ತಿದ್ದೇನೆ.

ನಿನ್ನ ಸುನಂದ